ಹಳೇಹುಡುಗಿ ಹಾಕಿದ ಕಟ್ಟು

ಎಳೆಗೈ ಪಂಗಡಕ್ಕೆ ಸೇರಿದವರನ್ನೆಲ್ಲ ಹುಡುಗ, ಹುಡುಗಿ ಎಂದೇ ಕರೆಯುವುದು ಆ ಊರಿನ ವಾಡಿಕೆ. ಗಡ್ಡ ಬಿಟ್ಟವನೂ ಹುಡುಗನೇ, ಸಂಸಾರ ಹೂಡಿ ಹೈರಾಣಾದವಳೂ ಹುಡುಗಿಯೇ. ಮಂತ್ರವಿದ್ಯೆ ಪೂರ್ತಿ ಕೈಗೆ ಹತ್ತುವ ತನಕ ವಯಸ್ಸು ಲೆಕ್ಕಕ್ಕಿಲ್ಲ. ಹೀಗಿರುವಾಗ, ಜೊತೆಗೆ ಸೇರಿದವರೆಲ್ಲ ಪರೀಕ್ಷೆ ಗೆದ್ದು ದಾಟಿಹೋದರೂ ತಾನು ಮಾತ್ರ ಇದ್ದಲ್ಲೇ ಉಳಿದ ಒಬ್ಬ ಹೆಂಗಸನ್ನು ಜನ ಏನೆಂದು ಕರೆದಾರು? ಹಳೇಹುಡುಗಿ ಎಂದು ಕರೆದರು. ಮೊದಮೊದಲು ಅವಳು ಮುಖ ಊದಿಸಿಕೊಳ್ಳುತ್ತಿದ್ದಳು. ಆಮೇಲೆ ಓಗೊಡತೊಡಗಿದಳು. ಊರವರ ಬಾಯಿ ಮುಚ್ಚಿಸುವುದಕ್ಕಿಂತ ಅದು ಸುಲಭವಾಗಿತ್ತು.

ಎಳೆಗೈಯವರ ಕೆಲಸ ಏನೆಂದು ಮೊದಲೇ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ನಡುವೆ ಕೇಳಿ ಕೇಳಿ ನನ್ನ ತಲೆ ತಿನ್ನುತ್ತೀರಿ. ಒಡೆದದ್ದು, ಬಿರುಕು ಬಿಟ್ಟದ್ದು, ಸಡಿಲಾದದ್ದು ಯಾವುದೇ ಇರಲಿ, ಅದರ ಮೇಲೆ ಎರಡೂ ಅಂಗೈ ಊರಿ, ಉಸಿರು ಬಿಡುತ್ತ, ತನಗೆಂದೇ ಕೊಟ್ಟ ಗುಟ್ಟಿನ ಮಾತೊಂದನ್ನು ತುಟಿಯೊಳಗೇ ಹೇಳಿದರೆ ಅದು ಕೂಡಿಕೊಳ್ಳುತ್ತದೆ. ಇದಕ್ಕೆ ಕಟ್ಟು ಎನ್ನುತ್ತಾರೆ. ಆದರೆ ಎಳೆಗೈಯವರು ಹಾಕಿದ ಕಟ್ಟಿಗೆ ಸೂರ್ಯ ಇರುವ ತನಕ ಮಾತ್ರ ಆಯಸ್ಸು. ಹೊತ್ತು ಮುಳುಗಿತೋ, ಮೆಟ್ಟಿಲಿನ ಕಲ್ಲು ಮತ್ತೆ ಅಲುಗಾಡುತ್ತದೆ, ತೊಟ್ಟಿ ಮತ್ತೆ ಸೋರುತ್ತದೆ, ಅಂಗಡಿಯ ಕದ ಮತ್ತೆ ಜೋತುಬೀಳುತ್ತದೆ. ಮರುದಿನ ಬೆಳಗ್ಗೆ ಯಾರಾದರೂ ಹೋಗಿ ಮತ್ತೆ ಹಾಕಬೇಕು. ಯಾರ ಕಟ್ಟು ಹೊತ್ತು ಮುಳುಗಿದರೂ ನಿಲ್ಲುತ್ತದೋ ಅವರು ಗಟ್ಟಿಗೈಯವರು. ಅವರು ಗುಡ್ಡದ ತುದಿಯ ಮೇಲ್ಮನೆಗೆ ಹೋಗಿ ಇದ್ದುಬಿಡಬೇಕು. ಸೇತುವೆ, ಅಣೆಕಟ್ಟು, ಹಡಗಿನ ಕಂಬ ಎಂದು ಅವರನ್ನು ದೇಶದ ಮೂಲೆಮೂಲೆಗೂ ಕರೆದೊಯ್ಯುತ್ತಾರೆ. ಸ್ವಂತ ಮನೆಗೆ ಅವರು ಬರುವುದು ನೆಂಟರ ಹಾಗೆ, ಅಪರೂಪಕ್ಕೆ.

ಎಳೆಗೈಯವರ ಮನೆ ಇದ್ದದ್ದು ಕಮ್ಮಾರರ ಬೀದಿಯ ಕೊನೆಯಲ್ಲಿ. ಉದ್ದನೆಯ ಹಜಾರ, ಗೋಡೆಯುದ್ದಕ್ಕೂ ಕೊಡೆ ಮತ್ತು ಚೀಲ ನೇತುಹಾಕುವ ಮೊಳೆಗಳು, ನಡುವೆ ಒಂದು ಬುಟ್ಟಿ. ಬುಟ್ಟಿಯಲ್ಲಿ ಮರದ ಬಿಲ್ಲೆಗಳು, ಒಂದೊಂದರ ಮೇಲೂ ಒಂದೊಂದು ಜಾಗದ ಗುರುತು. ಬೆಳಗ್ಗೆ ಕಣ್ಣುಮುಚ್ಚಿ ಕೈಹಾಕಿ ಒಂದು ಹಿಡಿ ಬಿಲ್ಲೆ ತೆಗೆಯಬೇಕು, ಬಂದ ಜಾಗಕ್ಕೆ ಹೋಗಬೇಕು. ನಿನ್ನೆ ಹೋದ ಜಾಗವೇ ಬಂದರೆ ವಾಪಸು ಹಾಕಬೇಕು. ಇದೇನು ದೊಡ್ಡ ತತ್ವವಲ್ಲ. ಹಿಂದೊಮ್ಮೆ ಯಾರೋ ಒಬ್ಬ ಹುಡುಗ ದಿನಾ ಮಿಠಾಯಿ ಅಂಗಡಿಯ ಬಿರುಕಿಗೇ ಕಟ್ಟು ಹಾಕುತ್ತೇನೆಂದು ಹಟ ಹಿಡಿದು, ಹೊಟ್ಟೆ ಬಿರಿಯೆ ತಿಂದು, ಬೆಲ್ಟು ಸಾಲದಷ್ಟು ಊದಿಹೋದನಂತೆ. ಅವತ್ತಿನಿಂದ ಬಿಲ್ಲೆ ಬುಟ್ಟಿ ಬಂತು.

ಹಳೇಹುಡುಗಿ ಪಂಗಡಕ್ಕೆ ಸೇರಿದ್ದು ವಿದ್ಯೆಯ ಆಸೆಯಿಂದಲ್ಲ, ಅತ್ತೆಯ ಕಾಟದಿಂದ. ಅತ್ತೆ ಕೋಟು ಹೊಲಿಯುವವಳು. ಆ ಬೀದಿಯಲ್ಲಿ ಅವಳ ಹಾಗೆ ಕಾಲರು ಕೂರಿಸುವವರು ಇನ್ನೊಬ್ಬರಿರಲಿಲ್ಲ, ಅವಳ ಹಾಗೆ ಸೊಸೆಯ ತಪ್ಪು ಹುಡುಕುವವರೂ ಇರಲಿಲ್ಲ. ಸಾರಿಗೆ ಉಪ್ಪು ಹೆಚ್ಚು, ಗುಡಿಸಿದ್ದು ಸಾಲದು, ನಡೆದರೆ ಸದ್ದು, ಸುಮ್ಮನಿದ್ದರೆ ಗತ್ತು. ಗಂಡ ಬ್ರೆಡ್ಡಿನ ಒಲೆಯ ಮುಂದೆ ಕೆಲಸ ಮಾಡುವವನು. ಬೆಳಕು ಹರಿಯುವ ಮೊದಲೇ ಹೊರಟುಹೋಗುತ್ತಿದ್ದ. ಹೆಂಡತಿ ದೂರು ಹೇಳಿದರೆ "ಹೌದಾ" ಎನ್ನುತ್ತಿದ್ದ, ತಾಯಿ ದೂರು ಹೇಳಿದರೂ "ಹೌದಾ" ಎನ್ನುತ್ತಿದ್ದ. ಇಂಥವನನ್ನು ಕಟ್ಟಿಕೊಂಡು ಯಾರಿಗೆ ಏನು ಹೇಳುವುದು? ಹಗಲಾದರೂ ಹೊರಗಿರೋಣ ಎಂದು ಅವಳು ಎಳೆಗೈ ಮನೆಯ ಕದ ತಟ್ಟಿದಳು. ಅತ್ತೆ ಸೊಸೆ ಎಣ್ಣೆ ಸೀಗೆಕಾಯಿ ಎಂದು ಬೀದಿಗೆಲ್ಲ ಗೊತ್ತಿದ್ದರಿಂದ ಯಾರಿಗೂ ಆಶ್ಚರ್ಯವಾಗಲಿಲ್ಲ.

ಸೇರಿದ ಮೇಲೆ ಕೆಲಸ ಅವಳಿಗೆ ಹಿಡಿಸಿತು. ಬೆಳಗ್ಗೆ ಬೀದಿಯಲ್ಲಿ ನಡೆಯುವುದು, ಒಬ್ಬರ ಕಿಟಕಿ, ಇನ್ನೊಬ್ಬರ ನಲ್ಲಿ, ಮತ್ತೊಬ್ಬರ ತೊಟ್ಟಿಲಿನ ಕಾಲು. ಎಲ್ಲರೂ "ಬಂದ್ಯಾ, ಬಾ" ಎನ್ನುವವರೇ. ಸಂಜೆಗೆ ಎಲ್ಲ ಬಿಚ್ಚಿಹೋಗುತ್ತಿತ್ತು ನಿಜ. ಅದು ಮಾತ್ರ ಅವಳಿಗೆ ಒಳಗೊಳಗೇ ಚುಚ್ಚುತ್ತಿತ್ತು. ಹೊತ್ತು ಇಳಿಯುವ ಸಮಯಕ್ಕೆ ಅವಳು ಯಾವಾಗಲೂ ಮನೆಯೊಳಗೆ ಏನಾದರೂ ಕೆಲಸ ಹಚ್ಚಿಕೊಳ್ಳುತ್ತಿದ್ದಳು, ಆಕಾಶದ ಕಡೆ ನೋಡುತ್ತಿರಲಿಲ್ಲ. ಊರಿನ ತುಂಬ ತಾನು ಹಾಕಿದ್ದೆಲ್ಲ ಒಂದೊಂದಾಗಿ ಕಳಚುತ್ತಿದೆ ಎಂದು ಗೊತ್ತಿದ್ದವಳಿಗೆ ಸಂಜೆಯ ಬಣ್ಣ ಯಾವ ಚೆಂದ?

ಹಾಗೆ ಕೆಲವು ವರ್ಷ ಕಳೆದ ಮೇಲೆ ಅತ್ತೆಯ ಕೈ ನಡುಗತೊಡಗಿತು. ಮೊದಲು ಸೂಜಿಗೆ ದಾರ ಪೋಣಿಸುವಾಗ, ಆಮೇಲೆ ಲೋಟ ಎತ್ತುವಾಗ. ಒಂದು ದಿನ ಕತ್ತರಿ ಜಾರಿ, ಯಾರದೋ ಮದುವೆ ಕೋಟಿನ ಬಟ್ಟೆ ಎದೆಯ ಭಾಗದಲ್ಲೇ ಅಡ್ಡಡ್ಡ ಕತ್ತರಿಸಿಹೋಯಿತು. ಹಳೇಹುಡುಗಿ ಮುಂದಿನ ಕೋಣೆಗೆ ಬಂದಾಗ ಅತ್ತೆ ಕಿಟಕಿಯ ಪಕ್ಕ ತನ್ನ ಕೆಲಸದ ಹಲಗೆಯ ಮುಂದೆ ಕೂತಿದ್ದಳು, ಎರಡೂ ಕೈ ಶಾಲಿನ ಒಳಗೆ. ಬೈಗುಳ ಇಲ್ಲ, ಗೊಣಗಾಟ ಇಲ್ಲ. ಬೈಯುವ ಅತ್ತೆಯೇ ವಾಸಿ ಎಂದು ಸೊಸೆಗೆ ಅನ್ನಿಸಿದ್ದು ಅದೇ ಮೊದಲು.

ಮೈಮೇಲೆ ಕಟ್ಟು ಹಾಕುವುದಕ್ಕೆ ಪಂಗಡದಲ್ಲಿ ಒಂದು ಕಟ್ಟುನಿಟ್ಟಿನ ನಿಯಮವಿತ್ತು: ಮನೆಯವರಿಗೆ ಮನೆಯವರೇ ಹಾಕಬೇಕು, ಪರರು ಮುಟ್ಟುವಂತಿಲ್ಲ. ಹಳೇಹುಡುಗಿ ಏನೂ ಕೇಳಲಿಲ್ಲ. ಕುರ್ಚಿ ಎಳೆದು ಎದುರಿಗೆ ಕೂತಳು, ಶಾಲಿನೊಳಗಿಂದ ಆ ಕೈಗಳನ್ನು ಹೊರಗೆ ಎಳೆದಳು, ತನ್ನ ಅಂಗೈಗಳ ನಡುವೆ ಹಿಡಿದು ತನ್ನ ಮಾತು ಹೇಳಿದಳು. ನಡುಕ ನಿಂತಿತು. ಅತ್ತೆ ಕೈಯನ್ನು ಹಿಂದೆಮುಂದೆ ತಿರುಗಿಸಿ ನೋಡಿದಳು.

"ನಿನ್ನ ಕೈ ತಣ್ಣಗಿದೆ" ಎಂದಳು.

ಅಷ್ಟೇ. ಇನ್ನೊಬ್ಬಳಾಗಿದ್ದರೆ ಥ್ಯಾಂಕ್ಸ್ ಹೇಳುತ್ತಿದ್ದಳು. ಆದರೆ ಮರುದಿನ ಬೆಳಗ್ಗೆ ಸೊಸೆ ಏಳುವ ಹೊತ್ತಿಗೆ ಹಲಗೆಯ ಎದುರು ಎರಡನೇ ಕುರ್ಚಿ ತಯಾರಿತ್ತು, ಪಕ್ಕದಲ್ಲಿ ಬಿಸಿ ಚಹಾ ಇತ್ತು, ಅರ್ಧ ಲೋಟ ತಟ್ಟೆಗೆ ಚೆಲ್ಲಿತ್ತು.

ಅಲ್ಲಿಂದ ಮುಂದೆ ದಿನಾ ಬೆಳಗ್ಗೆ ಅದೇ ಆಯಿತು. ಕಟ್ಟು ಹಾಕಲು ಒಂದು ಉಸಿರು ಸಾಕು. ಆದರೆ ಕೈ ಪೂರ್ತಿ ಬೆಚ್ಚಗಾಗದೆ ಕಟ್ಟು ಹತ್ತುವುದಿಲ್ಲ ಎಂದು ಅತ್ತೆ ತಾನೇ ಒಂದು ಶಾಸ್ತ್ರ ಮಾಡಿದಳು. ಬೆಚ್ಚಗಾಗುವ ತನಕ ಸುಮ್ಮನೆ ಕೂರಲಾಗುತ್ತದೆಯೇ? ಮಾತು ಶುರುವಾಯಿತು. ಎದುರುಮನೆ ಗಡಿಯಾರದವನ ಹೊಸ ಮೀಸೆ, ಚಕ್ರ ಮಾಡುವವನ ಹೆಂಡತಿಯ ಬಾಯಿ, ಅತ್ತೆ ಸಣ್ಣವಳಿದ್ದಾಗ ಅವಳ ಅತ್ತೆ ಕೊಟ್ಟ ಕಾಟ. ಕಾಟದ ವಿಷಯ ಬಂದಾಗ ಸೊಸೆ ಕಣ್ಣರಳಿಸಿ, "ಇಷ್ಟೆಲ್ಲಾ ಗೊತ್ತಿದ್ದೂ ನನಗೆ ಅದನ್ನೇ ಮಾಡಿದ್ರಲ್ಲ" ಎಂದರೆ, ಅತ್ತೆ, "ನನಗೆ ಬೇರೆ ಏನು ಬರ್ತಿತ್ತು? ಕಲಿತದ್ದು ಅದನ್ನೇ ತಾನೆ" ಎಂದಳು. ಇಬ್ಬರೂ ನಕ್ಕುಬಿಟ್ಟರು. ಎಣ್ಣೆ ಸೀಗೆಕಾಯಿ ಒಂದೇ ಕುರ್ಚಿಯಷ್ಟು ದೂರದಲ್ಲಿ ಕೂತು ನಗುವುದನ್ನು ಬೀದಿಯವರು ಕಿಟಕಿಯಿಂದ ಕಂಡು ಮೂಗಿನ ಮೇಲೆ ಬೆರಳಿಟ್ಟರು.

ಆ ಬೆಳಗಿನ ಹೊತ್ತಿನ ಸುಖವನ್ನು ಹಳೇಹುಡುಗಿ ಯಾರಿಗೂ ಹೇಳಲಿಲ್ಲ, ಹೇಳಿಕೊಳ್ಳುವಂಥದ್ದೂ ಅಲ್ಲ. ಆದರೆ ಅದರ ಬಲದ ಮೇಲೆಯೇ ಅವಳು ವರ್ಷವರ್ಷವೂ ಪರೀಕ್ಷೆಯಲ್ಲಿ ಸೋತು, ಮತ್ತೆ ಬುಟ್ಟಿಗೆ ಕೈಹಾಕಿ, ಮತ್ತೆ ಬೀದಿಗೆ ನಡೆದದ್ದು. ಪರೀಕ್ಷೆ ಸರಳ. ಸೀಳಿದ ಮಣ್ಣಿನ ಹೂಜಿ ಕೊಡುತ್ತಾರೆ, ಕಟ್ಟು ಹಾಕಿ ನೀರು ತುಂಬಬೇಕು, ಹೊತ್ತು ಮುಳುಗಿದ ಮೇಲೂ ನೀರು ನಿಲ್ಲಬೇಕು. ಅವಳ ಹೂಜಿಯ ನೀರು ಪ್ರತಿ ವರ್ಷವೂ ಅವಳ ಕಾಲ ಮೇಲೇ ಸುರಿಯುತ್ತಿತ್ತು. ಜೊತೆಯವರು ಬದಲಿ ಚಪ್ಪಲಿ ತಂದಿಟ್ಟು ಕಾಲೆಳೆಯುತ್ತಿದ್ದರು.

ಹೀಗೇ ಸಾಯುವ ತನಕ ಹುಡುಗಿಯಾಗಿ ಇರಬಹುದಿತ್ತಲ್ಲ ಎನ್ನುತ್ತೀರೇನೋ. ಇರುವಂತಿಲ್ಲ. ತಲೆಯಲ್ಲಿ ಒಂದಾದರೂ ಕಪ್ಪು ಕೂದಲು ಇರುವ ತನಕ ಮಾತ್ರ ಎಳೆಗೈ. ಪೂರ್ತಿ ಬೆಳ್ಳಗಾದ ವರ್ಷ ಕೊನೆಯ ಪರೀಕ್ಷೆ, ಗೆದ್ದರೆ ಮೇಲ್ಮನೆಗೆ, ಸೋತರೆ ಕೊಟ್ಟ ಗುಟ್ಟಿನ ಮಾತು ವಾಪಸು. ಹಳೇಹುಡುಗಿಯ ತಲೆ ಬೇಗ ನೆರೆಯಿತು. ಕಿವಿಯ ಹಿಂದೆ ಒಂದು ಕಪ್ಪು ಕೂದಲೆಳೆಯನ್ನು ಅವಳು ಬಂಗಾರದ ಹಾಗೆ ಕಾಪಾಡಿದಳು. ಅದೂ ಬೆಳ್ಳಗಾದಾಗ ಅತ್ತೆ ದೀಪದ ಮಸಿಗೆ ಎಣ್ಣೆ ಕಲಸಿ ವಾರಕ್ಕೊಮ್ಮೆ ಬಳಿದಳು. ಎಳೆಗೈ ಮನೆಯ ಮೇಲ್ವಿಚಾರಣೆ ನೋಡುವ ದೊಡ್ಡಕ್ಕ ಇವಳಿಗಿಂತ ಚಿಕ್ಕವಳು, ಆ ಮಸಿ ನೋಡಿಯೂ ನೋಡದ ಹಾಗೆ ಇರುತ್ತಿದ್ದಳು. ಆದರೆ ಈ ವರ್ಷ ಮೇಲ್ಮನೆಯಿಂದ ತಪಾಸಣೆಗೆ ಬಂದ ಮಹಾಶಯ ಒಬ್ಬ, ಒದ್ದೆ ಬಟ್ಟೆ ತೆಗೆದುಕೊಂಡು ಎಲ್ಲರ ತಲೆ ಒರೆಸಿ ನೋಡಿದ. ಇವಳ ಕಿವಿಯ ಹಿಂದೆ ಒರೆಸಿದಾಗ ಬಟ್ಟೆ ಕಪ್ಪಾಯಿತು, ಕೂದಲು ಬೆಳ್ಳಗಾಯಿತು. ಇಂಥ ಕೆಲಸಕ್ಕೆ ಗುಡ್ಡ ಇಳಿದು ಬಂದವನನ್ನು ನಾನಾಗಿದ್ದರೆ ಅದೇ ಬಟ್ಟೆಯಲ್ಲಿ ಮುಖ ಒರೆಸಿ ಕಳಿಸುತ್ತಿದ್ದೆ.

ಕೊನೆಯ ಪರೀಕ್ಷೆಯ ದಿನ ಗೊತ್ತಾಯಿತು. ಹಳೇಹುಡುಗಿಗೆ ಅನ್ನ ನೀರು ಸೇರದಾಯಿತು. ಸೋತರೆ ಮಾತು ಹೋಗುತ್ತದೆ, ಮಾತು ಹೋದರೆ ಅತ್ತೆಯ ಕೈ ಹಗಲೂ ನಡುಗುತ್ತದೆ. ಸೂಜಿ ಹಿಡಿಯಲಾಗದ ಅತ್ತೆ ಎಂದರೆ ಏನೆಂದು ಅವಳಿಗೆ ಗೊತ್ತಿತ್ತು, ಅವತ್ತು ಶಾಲಿನೊಳಗೆ ಕೈ ಬಚ್ಚಿಟ್ಟುಕೊಂಡ ಮುಖವನ್ನು ಅವಳು ಮರೆತಿರಲಿಲ್ಲ. ಗೆದ್ದರೆ? ಹೊರಡುವ ಮೊದಲು ಆ ಕೈಗಳಿಗೆ ಒಂದು ಗಟ್ಟಿ ಕಟ್ಟು ಹಾಕಿ ಹೋಗಬಹುದು. ಅತ್ತೆ ಕೊನೆಯ ತನಕ ಹೊಲಿಯುತ್ತಾಳೆ, ತಾನು ಗುಡ್ಡದ ಮೇಲಿರಬೇಕು. ಎರಡರಲ್ಲಿ ಯಾವುದಾದರೂ ಒಂದು ಹೋಗಲೇಬೇಕು. ಮನೆ ಹೋಗಲಿ, ಕೈ ಉಳಿಯಲಿ ಎಂದು ಅವಳು ಕಲ್ಲು ಮನಸ್ಸು ಮಾಡಿದಳು.

ಪರೀಕ್ಷೆಯ ಬೆಳಗ್ಗೆ ಕಟ್ಟು ಹಾಕಿ ಎದ್ದು ನಿಂತವಳು, "ಬರ್ತೀನಿ ಅತ್ತೆ. ಒಳ್ಳೇದಾಗ್ಲಿ ಅಂತ ಒಂದು ಮಾತು ಹೇಳಿ" ಎಂದಳು.

ಅತ್ತೆ ಕೋಟಿನ ತೋಳಿನಿಂದ ತಲೆ ಎತ್ತದೆ, "ಸೋತು ಬಾ" ಎಂದಳು.

"ಏನಂದ್ರಿ?"

"ಕಿವಿ ಕೇಳಲ್ವಾ? ಸೋತು ಬಾ ಅಂದೆ. ಸಂಜೆಗೆ ಹುರುಳಿಕಾಯಿ ತರೋದು ಮರೀಬೇಡ."

ಇಷ್ಟು ವರ್ಷ ಆದ ಮೇಲೆ ಇದಾ ಇವಳ ಬಾಯಲ್ಲಿ ಬರುವುದು ಎಂದು ಹಳೇಹುಡುಗಿಯ ಕಣ್ಣು ತುಂಬಿತು. ಕದವನ್ನು ಸ್ವಲ್ಪ ಜೋರಾಗಿಯೇ ಎಳೆದುಕೊಂಡು ಹೋದಳು.

ಆ ದಿನ ಅವಳು ಹೂಜಿಯನ್ನು ಮಗುವಿನ ಹಾಗೆ ತೊಡೆಯ ಮೇಲಿಟ್ಟುಕೊಂಡು ಕೂತಳು. ಹಲ್ಲು ಕಚ್ಚಿ ಕಟ್ಟು ಹಾಕಿದಳು, ಬೆನ್ನೆಲ್ಲ ಬೆವರಿತು. ಸೂರ್ಯ ಇಳಿದ. ಪಕ್ಕದ ಹುಡುಗಿಯ ಹೂಜಿ ನಿಂತಿತು, ಅವಳು ಕುಣಿದಾಡಿದಳು. ಇವಳ ಹೂಜಿ ಒಂದು ಕ್ಷಣ ನಿಂತ ಹಾಗೆ ಮಾಡಿತು. ಆಮೇಲೆ ಸೀಳಿನಲ್ಲಿ ಒಂದು ಹನಿ ಕಾಣಿಸಿತು, ಆ ಹನಿಯ ಹಿಂದೆಯೇ ನೀರೆಲ್ಲ ಬಂತು. ಈ ಸಲ ಯಾರೂ ಚಪ್ಪಲಿಯ ತಮಾಷೆ ಮಾಡಲಿಲ್ಲ.

ದೊಡ್ಡಕ್ಕ ಅವಳನ್ನು ಒಳಕೋಣೆಗೆ ಕರೆದೊಯ್ದಳು. "ನನಗೆ ಇಷ್ಟ ಇಲ್ಲ ಕಣೇ, ಆದ್ರೆ ನಿಯಮ" ಎಂದು ಹೇಳಿ ಅವಳ ತುಟಿಯ ಮೇಲೆ ಅಂಗೈ ಇಟ್ಟಳು. ಕೈ ತೆಗೆದಾಗ ಮಾತು ಇರಲಿಲ್ಲ. ಹಳೇಹುಡುಗಿ ದಾರಿಯುದ್ದಕ್ಕೂ ನೆನಪಿಸಿಕೊಳ್ಳಲು ನೋಡಿದಳು, ಮೊದಲ ಅಕ್ಷರವೂ ನಾಲಿಗೆಗೆ ಬರಲಿಲ್ಲ. ಹಲ್ಲು ಕಿತ್ತ ಜಾಗದ ಹಾಗೆ ಬಾಯಲ್ಲಿ ಖಾಲಿ ಖಾಲಿ. ಆದರೂ ಹುರುಳಿಕಾಯಿ ತಂದಳು.

"ಹೋಯ್ತು ಅತ್ತೆ" ಎಂದಳು, ಚೀಲ ಇಳಿಸುತ್ತ.

"ಹೋದ್ರೆ ಹೋಯ್ತು ಬಿಡು. ಊಟ ಮಾಡು" ಎಂದಳು ಅತ್ತೆ. ಅವಳ ಕೈಯ ಚಮಚ ಬಟ್ಟಲಿಗೆ ಟಕಟಕನೆ ಬಡಿಯುತ್ತಿತ್ತು. ಗಂಡ ಇಬ್ಬರ ಮುಖವನ್ನೂ ನೋಡಿದ. "ಹೌದಾ" ಎಂದು ಮೆಲ್ಲಗೆ ಹೇಳಿ, ಹೆಂಡತಿಯ ತಟ್ಟೆಗೆ ತನ್ನ ಪಾಲಿನ ಬ್ರೆಡ್ಡನ್ನೂ ಹಾಕಿದ. ರಾತ್ರಿ ಅವಳು ಗೋಡೆಯ ಕಡೆ ತಿರುಗಿ ಮಲಗಿ ಮನದಣಿಯೆ ಅತ್ತಳು.

ಬೆಳಗ್ಗೆ ಅವಳಿಗೆ ಏಳಲು ಮನಸ್ಸಿಲ್ಲ. ಮುಂದಿನ ಕೋಣೆಯ ಎರಡನೇ ಕುರ್ಚಿಯಲ್ಲಿ ಕೂತು, ನಡುಗುವ ಕೈ ಹಿಡಿದು, ಏನೂ ಮಾಡಲಾಗದೆ ಅತ್ತೆಯ ಮುಖ ನೋಡುವುದು ಹೇಗೆ? ಬಿಸಿಲು ಹಾಸಿಗೆಯ ತನಕ ಬಂದ ಮೇಲೆ, ಇನ್ನು ತಪ್ಪಿಸಿಕೊಳ್ಳಲಾಗದು ಎಂದು ಎದ್ದು ಬಂದಳು. ಬಂದವಳು ಬಾಗಿಲಲ್ಲೇ ನಿಂತಳು.

ಅತ್ತೆ ಹಲಗೆಯ ಮುಂದೆ ಕೂತು ಕಾಲರು ಕೂರಿಸುತ್ತಿದ್ದಳು. ಅರ್ಧ ಮುಗಿದಿತ್ತು. ದಾರ ತೀರಿತು. ಅತ್ತೆ ಕಡಿದಳು, ಹೊಸ ದಾರದ ತುದಿಯನ್ನು ತುಟಿಗೆ ತಾಗಿಸಿ, ಸಣ್ಣ ಸೂಜಿಯ ಕಣ್ಣಿಗೆ ಒಂದೇ ಸಲಕ್ಕೆ ಪೋಣಿಸಿದಳು. ಕೈ ಕಲ್ಲಿನ ಹಾಗೆ ನಿಂತಿತ್ತು. ಆಮೇಲೆ ತಲೆ ಎತ್ತಿ ಸೊಸೆಯನ್ನು ನೋಡಿದಳು.

"ಅತ್ತೆ, ನಿಮ್ಮ ಕೈ."

"ಹೂಂ. ನಿಂತಿದೆ."

"ಇವತ್ತು ನಾನು ಕಟ್ಟು ಹಾಕಿಲ್ಲ."

"ಗೊತ್ತು. ಬಾ, ಕೂತ್ಕೋ. ಕೂಗಾಡಬೇಡ, ಹೇಳ್ತೀನಿ." ಅತ್ತೆ ಸೂಜಿಯನ್ನು ಬಟ್ಟೆಗೆ ಚುಚ್ಚಿಟ್ಟಳು. "ಇದು ಇವತ್ತಿನದಲ್ಲ. ಮೊದಲು ಹೊತ್ತು ಮುಳುಗಿ ದೀಪ ಹಚ್ಚೋ ತನಕ ನಿಲ್ತಿತ್ತು. ಆಮೇಲೆ ಊಟದ ತನಕ. ಒಂದು ದಿನ ಬೆಳಗ್ಗೆ ಏಳ್ತೀನಿ, ಇನ್ನೂ ನಿಂತೇ ಇದೆ. ನಡುಗೋದು ಬಿಟ್ಟು ವರ್ಷಗಳೇ ಆಯ್ತು. ಕೋಟಿನ ಮಡಿಕೆ ಒಂದೇ ಇಸ್ತ್ರಿಗೆ ಕೂರುತ್ತಾ? ದಿನಾ ಅದೇ ಕೈ ಮೇಲೆ ಅದೇ ಕೈ ಬಿದ್ದು ಕೂತುಬಿಡ್ತು. ನಿಮ್ಮ ಬುಟ್ಟಿಯವರಿಗೆ ಇದು ಹೇಗೆ ಗೊತ್ತಾಗ್ಬೇಕು? ನಿನ್ನೆ ಒಂದು ಕಡೆ, ಇವತ್ತು ಇನ್ನೊಂದು ಕಡೆ."

ಹಳೇಹುಡುಗಿ ಬಂದು ಆ ಕೈಗಳನ್ನು ಹಿಡಿದು ತಿರುಗಿಸಿ ನೋಡಿದಳು. "ನಿನ್ನೆ ರಾತ್ರಿ ಚಮಚ ನಡುಗಿಸಿದ್ರಲ್ಲ!"

"ಹೇಗೆ ಹೇಳೋದು ಅಂತ ಗೊತ್ತಾಗ್ಲಿಲ್ಲ. ಅಷ್ಟರಲ್ಲಿ ಹೊತ್ತು ಮುಳುಗಿತ್ತು. ಅಭ್ಯಾಸ ನೋಡು, ಸಂಜೆ ಆದ್ರೆ ಕೈ ತಾನೇ ನಾಟಕ ಶುರು ಮಾಡುತ್ತೆ. ಮಾತು ವಾಪಸ್ ತಗೊಂಡ ಮೇಲೂ ಕಟ್ಟು ಇರುತ್ತೋ ಇಲ್ವೋ ಅಂತ ನನಗೂ ಜೀವ ಬಾಯಿಗೆ ಬಂದಿತ್ತು. ಬೆಳಕು ಹರಿಯೋ ತನಕ ಕೈ ನೋಡ್ಕೊಂಡೇ ಕೂತಿದ್ದೆ."

ಸಿಟ್ಟು ಬಂತು. ಬಾರದೆ ಇರುತ್ತದೆಯೇ? ಒಂದೊಂದು ಪರೀಕ್ಷೆ ಸೋತಾಗಲೂ ತನ್ನ ಕೈಯೇ ದಂಡ ಎಂದು ಹಿತ್ತಿಲಲ್ಲಿ ಅತ್ತದ್ದು, ತನಗಿಂತ ಚಿಕ್ಕವರು ಗುಡ್ಡ ಹತ್ತುವುದನ್ನು ನೋಡಿ ಹೊಟ್ಟೆ ಉರಿದದ್ದು, ಎಲ್ಲ ಒಟ್ಟಿಗೆ ನೆನಪಾಯಿತು.

"ಒಂದು ಮಾತು ಹೇಳಬಹುದಿತ್ತಲ್ಲ ಅತ್ತೆ. ನಾನು ಯಾವುದಕ್ಕೂ ಬಾರದವಳು ಅಂದ್ಕೊಂಡೇ ಬದುಕಿದ್ನಲ್ಲ. ನಿಮಗೆ ನೋಡ್ತಾ ನೋಡ್ತಾ ಸಂಕಟ ಆಗ್ಲಿಲ್ವಾ?"

"ಆಯ್ತು. ದಿನಾ ಆಯ್ತು." ಅತ್ತೆಯ ದನಿ ಮೊದಲ ಸಲ ಸಣ್ಣದಾಯಿತು. "ಹೇಳಿದ್ರೆ ನೀನು ಗಟ್ಟಿಗೈ. ಮರುದಿನವೇ ಗುಡ್ಡ ಹತ್ತಿಸ್ತಿದ್ರು. ಹತ್ತಿಸದೇ ಇದ್ರೂ, ನಡುಗದ ಕೈ ಹಿಡ್ಕೊಂಡು ನೀನು ಯಾಕೆ ಕೂರ್ತಿದ್ದೆ? ಎದ್ದು, ಮುಖ ತೊಳೆದು, ನೇರ ಬೀದಿಗೆ ಹೋಗ್ತಿದ್ದೆ. ಈ ಮನೇಲಿ ನನ್ನ ಹತ್ತಿರ ಕೂತು ಮಾತಾಡಿದವರು ನೀನೊಬ್ಬಳೇ ಕಣೇ. ನನ್ನ ಮಗ ಇದ್ದಾನಲ್ಲ, ಹೌದಾ ಅನ್ನೋದು ಬಿಟ್ಟು ಅವನಿಗೇನು ಬರುತ್ತೆ? ನಾನು ಸ್ವಾರ್ಥಿ. ಅದು ನನಗೆ ಗೊತ್ತಿದೆ."

ಇಷ್ಟು ಹೇಳಿ ಅತ್ತೆ ಎದ್ದಳು, ಗೂಟದಿಂದ ಶಾಲು ತೆಗೆದು ಹೊದ್ದುಕೊಂಡಳು, ಚಪ್ಪಲಿಗೆ ಕಾಲು ಹಾಕಿದಳು. "ನಡಿ. ನಿಮ್ಮ ದೊಡ್ಡಕ್ಕನಿಗೆ ಈ ಕೈ ತೋರಿಸ್ತೀನಿ. ಸಂಜೆ ತನಕ ಅಲ್ಲೇ ಕೂರ್ತೀನಿ, ಬೇಕಾದ್ರೆ ಮೇಲ್ಮನೆಯ ಆ ಒರೆಸೋ ಬಟ್ಟೆಯವನನ್ನೂ ಕರೆಸಲಿ. ನಿನ್ನ ಮಾತು ನಿನಗೆ ಕೊಡ್ತಾರೆ. ನೀನು ಗೆದ್ದಿದ್ದೀಯ. ಹೋಗು ಮೇಲೆ."

ಹಳೇಹುಡುಗಿ ಬಾಗಿಲಿಗೆ ಅಡ್ಡ ನಿಂತು ಆ ಮುದುಕಿಯನ್ನು ನೋಡಿದಳು. ಚಪ್ಪಲಿ ಎಡಬಲ ತಪ್ಪಾಗಿತ್ತು. ಗಲ್ಲ ಅದುರುತ್ತಿತ್ತು, ಕೈ ಮಾತ್ರ ಅಲುಗುತ್ತಿರಲಿಲ್ಲ. ಮನೆ ಹೋಗಲಿ, ಕೈ ಉಳಿಯಲಿ ಎಂದು ಹೊರಟಿದ್ದವಳಿಗೆ ಈಗ ಮನೆಯೂ ಇತ್ತು, ಕೈಯೂ ಇತ್ತು. ಇನ್ನು ಗುಡ್ಡದ ಮೇಲೆ ಅವಳಿಗೆ ಬೇಕಾದ್ದು ಏನಿತ್ತು? ಸಿಟ್ಟು ಇನ್ನೂ ಇಳಿದಿರಲಿಲ್ಲ, ಆದರೆ ಅದರ ಕೆಳಗೆ ಬೇರೇನೋ ಉಕ್ಕಿ ಬರುತ್ತಿತ್ತು. ಅದು ಸಂತೋಷ ಎಂದು ತಿಳಿಯಲು ಅವಳಿಗೆ ಸ್ವಲ್ಪ ಹೊತ್ತೇ ಹಿಡಿಯಿತು.

"ಚಪ್ಪಲಿ ಬಿಚ್ಚಿ, ಕೂತ್ಕೊಳ್ಳಿ" ಎಂದಳು. "ಹಡಗಿನ ಕಂಬ ಹತ್ತೋಕೆ ನಾನೇನು ಎಳೇ ಹುಡುಗೀನಾ? ಮೊದಲು ಒಂದು ವಿಷಯ ಹೇಳಿ. ಕೈ ನಿಂತು ವರ್ಷಗಳೇ ಆಗಿದ್ರೆ, ಸಂಜೆ ಪಾತ್ರೆ ಯಾಕೆ ತೊಳೀತಿರ್ಲಿಲ್ಲ?"

ಅತ್ತೆ ಕಿಟಕಿಯ ಕಡೆ ನೋಡಿದಳು. "ಅದು ನಾಟಕಕ್ಕೆ ಬೇಕಿತ್ತು."

"ತರಕಾರಿ ಹೆಚ್ಚೋದು?"

"ಅದೂ ಬೇಕಿತ್ತು."

"ಇವತ್ತಿಂದ ಎರಡೂ ನಿಮ್ಮದು."

ಅಳುವವಳು ಯಾರು, ನಗುವವಳು ಯಾರು ಎಂದು ತಿಳಿಯದ ಹಾಗಾಯಿತು ಆಮೇಲೆ. ದೊಡ್ಡಕ್ಕನಿಗೆ ಅವಳು ವಿಷಯ ಹೇಳಿದ್ದು, ದೊಡ್ಡಕ್ಕ ಹಣೆ ಚಚ್ಚಿಕೊಂಡು ಬಿಲ್ಲೆ ಬುಟ್ಟಿಯನ್ನೇ ಅಟ್ಟಕ್ಕೆ ಹಾಕಿದ್ದು, ಎಳೆಗೈಯವರು ಒಂದೊಂದು ಬಿರುಕಿಗೆ ಒಬ್ಬೊಬ್ಬರಂತೆ ನಿಂತದ್ದು, ಮಿಠಾಯಿ ಅಂಗಡಿಗೆ ಯಾರು ಎಂದು ಜಗಳ ಬಿದ್ದದ್ದು, ಅದೆಲ್ಲ ಮುಂದಿನ ವಾರದ ಮಾತು.

ಅವತ್ತು ಸಂಜೆ ಅತ್ತೆ ಹಿತ್ತಿಲ ಕಲ್ಲಿನ ಮೇಲೆ ಪಾತ್ರೆ ಹರವಿಕೊಂಡು ತೊಳೆಯಲು ಕೂತಳು, ಬೂದಿ ಸಾಲದು, ನಾರು ಒರಟು ಎಂದು ಗೊಣಗುತ್ತ. ಹಳೇಹುಡುಗಿ ಮೆಟ್ಟಿಲ ಮೇಲೆ ಕೈಕಟ್ಟಿ ಕೂತಳು. ಗೋಡೆಯಾಚೆ ಆಕಾಶ ಕೆಂಪಾಯಿತು. ಸೂರ್ಯ ಇಳಿದ. ಬೀದಿಯ ಕಡೆಯಿಂದ ಯಾರದೋ ಕದ ಜೋತುಬಿದ್ದ ಸದ್ದು ಬಂತು, ಎಲ್ಲೋ ತೊಟ್ಟಿ ಸೋರತೊಡಗಿತು. ಅತ್ತೆ ಒಂದು ಲೋಟ ತೊಳೆದು ಬೋರಲು ಹಾಕಿ, ಇನ್ನೊಂದಕ್ಕೆ ಕೈ ಚಾಚಿದಳು. ಪೂರ್ತಿ ಕತ್ತಲಾಗಿ ಕೈ ಕಾಣದಾಗುವ ತನಕ ಹಳೇಹುಡುಗಿ ನೋಡುತ್ತಲೇ ಕೂತಿದ್ದಳು.